ಐಸಿಎಸ್ ಕೆಲಸಕ್ಕಿಂತ ಹಾಕಿ ದೊಡ್ಡದು ಅಂದ ಕ್ಯಾಪ್ಟನ್: ಜೈಪಾಲ್ ಸಿಂಗ್ ಮುಂಡಾ

ಹಾಕಿ ಅಂದ ಕೂಡಲೇ ನಮ್ಮ ಜನಕ್ಕೆ ನೆನಪಾಗೋ ಹೆಸರು ಧ್ಯಾನ್‌ಚಂದ್. ಆದರೆ ಧ್ಯಾನ್‌ಚಂದ್ ಮೊದಲ ಸಲ ಒಲಿಂಪಿಕ್ಸ್ ಆಡಿದಾಗ ತಂಡದ ಕ್ಯಾಪ್ಟನ್ ಯಾರು ಅಂತ ಕೇಳಿದ್ರೆ ಬಹಳಷ್ಟು ಮಂದಿ ತಲೆ ಕೆರೆದುಕೊಳ್ತಾರೆ. ಆ ಕ್ಯಾಪ್ಟನ್ ಜೈಪಾಲ್ ಸಿಂಗ್ ಮುಂಡಾ. ಕಾಡಂಚಿನ ಹಳ್ಳಿಯ ಆದಿವಾಸಿ ಹುಡುಗ ಆಕ್ಸ್‌ಫರ್ಡ್‌ಗೆ ಹೋಗಿ, ದೇಶಕ್ಕೆ ಆಡಿ, ಕೊನೆಗೆ ಸಂವಿಧಾನ ಸಭೆಯಲ್ಲಿ ತನ್ನ ಜನರ ಪರ ನಿಂತ ಕಥೆ ಇದು.

ಜೈಪಾಲ್ ಹುಟ್ಟಿದ್ದು 1903ರ ಜನವರಿ 3ರಂದು, ಈಗಿನ ಜಾರ್ಖಂಡ್‌ನ ಖುಂಟಿ ಬಳಿಯ ಟಕ್ರಾ ಹಳ್ಳಿಯಲ್ಲಿ, ಮುಂಡಾ ಬುಡಕಟ್ಟಿನ ಮನೆಯಲ್ಲಿ. ರಾಂಚಿಯ ಸೇಂಟ್ ಪಾಲ್ಸ್ ಶಾಲೆಗೆ ಸೇರಿದಾಗ ಅಲ್ಲಿನ ಇಂಗ್ಲಿಷ್ ಪ್ರಿನ್ಸಿಪಾಲರ ಕಣ್ಣಿಗೆ ಬಿದ್ದರು. ಹುಡುಗ ಓದಿನಲ್ಲೂ ಚುರುಕು, ಆಟದಲ್ಲೂ ಮುಂದೆ. ಪ್ರಿನ್ಸಿಪಾಲರೇ ಅವರನ್ನು 1918ರಲ್ಲಿ ಇಂಗ್ಲೆಂಡಿಗೆ ಕರೆದುಕೊಂಡು ಹೋದರು. ಮುಂದೆ ಆಕ್ಸ್‌ಫರ್ಡ್‌ನ ಸೇಂಟ್ ಜಾನ್ಸ್ ಕಾಲೇಜಿನಲ್ಲಿ ಅರ್ಥಶಾಸ್ತ್ರ ಓದಿದರು. ಆಡ್ತಾ ಇದ್ದದ್ದು ಬ್ಯಾಕ್ ಜಾಗದಲ್ಲಿ. ವಿಶ್ವವಿದ್ಯಾಲಯ ತನ್ನ ಅತ್ಯುತ್ತಮ ಆಟಗಾರರಿಗೆ ಕೊಡುವ 'ಬ್ಲೂ' ಗೌರವ ಹಾಕಿಯಲ್ಲಿ ಅವರಿಗೆ ಸಿಕ್ಕಿತು.

ಅಷ್ಟರಲ್ಲಿ ಐಸಿಎಸ್‌ಗೂ ಆಯ್ಕೆಯಾದರು. ಈಗಿನ ಐಎಎಸ್ ಇದ್ದ ಹಾಗೆ, ಆದರೆ ದರ್ಬಾರು ಅದಕ್ಕಿಂತ ಜಾಸ್ತಿ. ಬ್ರಿಟಿಷರ ಕಾಲದಲ್ಲಿ ಒಬ್ಬ ಆದಿವಾಸಿ ಯುವಕನಿಗೆ ಆ ಕುರ್ಚಿ ಸಿಗೋದು ಅಂದ್ರೆ ಏಳು ತಲೆಮಾರಿನ ಬದುಕೇ ಬದಲಾದ ಹಾಗೆ. ತರಬೇತಿ ನಡೆಯುತ್ತಿದ್ದಾಗಲೇ 1928ರ ಆಮ್‌ಸ್ಟರ್‌ಡಾಮ್ ಒಲಿಂಪಿಕ್ಸ್ ಬಂತು. ಭಾರತದ ಹಾಕಿ ತಂಡ ಒಲಿಂಪಿಕ್ಸ್‌ಗೆ ಹೋಗುತ್ತಿದ್ದದ್ದು ಅದೇ ಮೊದಲು. ಕ್ಯಾಪ್ಟನ್ ಆಗಿ ಬನ್ನಿ ಅಂತ ಜೈಪಾಲ್‌ಗೆ ಕರೆ ಬಂತು.

ರಜೆ ಕೇಳಿದರು. ಲಂಡನ್‌ನ ಇಂಡಿಯಾ ಆಫೀಸ್ ಕೊಡಲಿಲ್ಲ. ಸುಮ್ಮನೆ ಕೂತಿದ್ದರೆ ನೌಕರಿ ಭದ್ರವಾಗಿ ಇರುತ್ತಿತ್ತು. ಜೈಪಾಲ್ ರಜೆ ಇಲ್ಲದೆಯೇ ಆಮ್‌ಸ್ಟರ್‌ಡಾಮ್‌ಗೆ ಹೊರಟರು.

ಅಲ್ಲಿ ನಡೆದದ್ದು ಇತಿಹಾಸ. ಆಸ್ಟ್ರಿಯಾ ವಿರುದ್ಧ 6-0, ಬೆಲ್ಜಿಯಂ ವಿರುದ್ಧ 9-0, ಡೆನ್ಮಾರ್ಕ್ ವಿರುದ್ಧ 5-0, ಸ್ವಿಟ್ಜರ್‌ಲೆಂಡ್ ವಿರುದ್ಧ 6-0. ಮೇ 26ರ ಫೈನಲ್‌ನಲ್ಲಿ ಆತಿಥೇಯ ಹಾಲೆಂಡ್ ತಂಡಕ್ಕೆ 3-0 ಸೋಲು. ಐದು ಪಂದ್ಯದಲ್ಲಿ ಭಾರತ ಹೊಡೆದದ್ದು 29 ಗೋಲು, ಬಿಟ್ಟುಕೊಟ್ಟದ್ದು ಸೊನ್ನೆ. ಅದರಲ್ಲಿ 14 ಧ್ಯಾನ್‌ಚಂದ್ ಅವರದ್ದು. ಒಲಿಂಪಿಕ್ಸ್ ಹಾಕಿಯಲ್ಲಿ ಭಾರತಕ್ಕೆ ಮೊದಲ ಚಿನ್ನ ಬಂತು.

ಆದರೆ ಆ ಫೈನಲ್‌ನಲ್ಲಿ ಕ್ಯಾಪ್ಟನ್ ಮೈದಾನದಲ್ಲಿ ಇರಲಿಲ್ಲ. ತಂಡದ ಆಡಳಿತದವರ ಜೊತೆ ಮನಸ್ತಾಪ ಬಂದು ಜೈಪಾಲ್ ಅದಕ್ಕೂ ಮೊದಲೇ ತಂಡ ಬಿಟ್ಟಿದ್ದರು. ಫೈನಲ್‌ನಲ್ಲಿ ತಂಡ ನಡೆಸಿದ್ದು ಪಿನ್ನಿಗರ್. ನೌಕರಿಯನ್ನೇ ಪಣಕ್ಕಿಟ್ಟು ಹೋದವರಿಗೆ ಗೆಲುವಿನ ದಿನ ಮೈದಾನಕ್ಕೆ ಇಳಿಯೋ ಭಾಗ್ಯ ಸಿಗಲಿಲ್ಲ.

ವಾಪಸ್ ಬಂದಾಗ ಐಸಿಎಸ್‌ನವರು ಶಿಕ್ಷೆ ಇಟ್ಟುಕೊಂಡೇ ಕಾಯ್ತಿದ್ದರು. ಹೇಳದೆ ಕೇಳದೆ ಹೋದದ್ದಕ್ಕೆ ಇನ್ನೂ ಒಂದು ವರ್ಷ ತರಬೇತಿ ಮುಗಿಸಬೇಕು ಅಂದರು. ದೇಶಕ್ಕೆ ಆಡಿದ್ದಕ್ಕೆ ದಂಡ ಯಾಕೆ ಕಟ್ಟಬೇಕು ಅನ್ನೋದು ಜೈಪಾಲ್ ನಿಲುವು. ಐಸಿಎಸ್ ಅನ್ನೇ ಬಿಟ್ಟರು.

ಆಮೇಲೆ ಬರ್ಮಾ ಶೆಲ್ ಎಣ್ಣೆ ಕಂಪನಿಯಲ್ಲಿ ಕೆಲಸ ಮಾಡಿದರು. ಆಫ್ರಿಕಾದ ಗೋಲ್ಡ್ ಕೋಸ್ಟ್, ಅಂದ್ರೆ ಈಗಿನ ಘಾನಾದಲ್ಲಿ ಮೇಷ್ಟ್ರಾಗಿದ್ದರು. ರಾಯಪುರದ ರಾಜಕುಮಾರ್ ಕಾಲೇಜಿನಲ್ಲಿ ಇದ್ದರು, ಬಿಕಾನೇರ್ ಸಂಸ್ಥಾನದಲ್ಲೂ ದೊಡ್ಡ ಹುದ್ದೆ ನೋಡಿದರು. ಆದರೆ ಊರು ಅವರನ್ನು ಬಿಡಲಿಲ್ಲ. 1939ರಲ್ಲಿ ರಾಂಚಿಯಲ್ಲಿ ಆದಿವಾಸಿ ಮಹಾಸಭಾದ ಅಧ್ಯಕ್ಷರಾದರು. ಜನ ಪ್ರೀತಿಯಿಂದ 'ಮರಂಗ್ ಗೋಮ್ಕೆ' ಅಂತ ಕರೆದರು. ಅವರ ಭಾಷೆಯಲ್ಲಿ ಹಾಗಂದ್ರೆ ದೊಡ್ಡ ನಾಯಕ.

1946ರಲ್ಲಿ ಸಂವಿಧಾನ ಸಭೆಗೆ ಹೋದರು. ಆದಿವಾಸಿಗಳಿಗೆ ಪ್ರಜಾಪ್ರಭುತ್ವ ಹೊಸದಾಗಿ ಕಲಿಸಬೇಕಿಲ್ಲ, ಅದು ಅವರ ಹಾಡಿಗಳಲ್ಲಿ ಹಿಂದಿನಿಂದಲೂ ಇದೆ ಅಂತ ವಾದಿಸಿದರು. ತಮ್ಮವರ ಜಮೀನು, ಕಾಡು ಕೈತಪ್ಪದ ಹಾಗೆ ರಕ್ಷಣೆ ಬೇಕು ಅಂತ ಪಟ್ಟು ಹಿಡಿದರು.

ಆಮೇಲೆ ಕಟ್ಟಿದ್ದು ಜಾರ್ಖಂಡ್ ಪಾರ್ಟಿ, ಗುರುತು ಹುಂಜ. 1952ರ ಚುನಾವಣೆಯಲ್ಲಿ ಬಿಹಾರ ವಿಧಾನಸಭೆಯಲ್ಲಿ 32 ಸ್ಥಾನ ಗೆದ್ದು ಮುಖ್ಯ ವಿರೋಧ ಪಕ್ಷವಾಯ್ತು. ಬೇಡಿಕೆ ಒಂದೇ, ಪ್ರತ್ಯೇಕ ಜಾರ್ಖಂಡ್ ರಾಜ್ಯ. ಹರಿದು ಹಂಚಿಹೋಗಿದ್ದ ಕನ್ನಡ ನಾಡನ್ನು ಒಂದು ಮಾಡಲು ಯಾವ ರಾಜ್ಯ ಪುನರ್ವಿಂಗಡಣಾ ಆಯೋಗ ದಾರಿ ಮಾಡಿಕೊಡ್ತೋ, ಅದೇ ಆಯೋಗ ಜೈಪಾಲ್ ಅವರ ಬೇಡಿಕೆಯನ್ನು ತಳ್ಳಿಹಾಕಿತು. 1956ರ ನವೆಂಬರ್ 1ರಂದು ನಾವು ಒಂದಾದೆವು, ಅವರು ಬರಿಗೈಯಲ್ಲಿ ಉಳಿದರು.

1963ರಲ್ಲಿ ಅವರು ಪಕ್ಷವನ್ನು ಕಾಂಗ್ರೆಸ್‌ನಲ್ಲಿ ವಿಲೀನ ಮಾಡಿದರು. ನಂಬಿದ್ದ ಬಹಳ ಕಾರ್ಯಕರ್ತರಿಗೆ ಅದರಿಂದ ನೋವಾಯ್ತು, ರಾಜ್ಯವೂ ಸಿಗಲಿಲ್ಲ. ಅವರ ರಾಜಕೀಯ ಬದುಕಿನ ಮೇಲಿನ ದೊಡ್ಡ ಟೀಕೆ ಇಂದಿಗೂ ಇದೇ. 1952ರಿಂದ ಲೋಕಸಭೆಯಲ್ಲಿದ್ದ ಜೈಪಾಲ್ 1970ರ ಮಾರ್ಚ್ 20ರಂದು ದೆಹಲಿಯಲ್ಲಿ ತೀರಿಕೊಂಡರು.

ಜಾರ್ಖಂಡ್ ರಾಜ್ಯ ಹುಟ್ಟಿದ್ದು 2000ದ ನವೆಂಬರ್ 15ರಂದು, ಅವರು ಹೋಗಿ 30 ವರ್ಷ ಆದ ಮೇಲೆ. ರಾಂಚಿಯಲ್ಲಿ ಅವರ ಹೆಸರಿನ ಸ್ಟೇಡಿಯಂ ಇದೆ. ಅವರ ಖುಂಟಿ ಸೀಮೆಯ ನಿಕ್ಕಿ ಪ್ರಧಾನ್ 2016ರಲ್ಲಿ ಭಾರತ ಮಹಿಳಾ ಹಾಕಿ ತಂಡದಲ್ಲಿ ಒಲಿಂಪಿಕ್ಸ್ ಆಡಿದರು. ಕ್ಯಾಪ್ಟನ್ ಆಡದ ಫೈನಲ್‌ನ ಚಿನ್ನ ದೇಶಕ್ಕೆ ಬಂದ ಹಾಗೆ, ಅವರು ಕಾಣದ ರಾಜ್ಯವೂ ಅವರ ಜನಕ್ಕೆ ಸಿಕ್ಕಿತು.