ವಾಲ್ಟರ್ ವಿಂಚೆಲ್: ರಂಗದಿಂದ ಲೇಖನಿಗೆ

ಅಮೆರಿಕದ ಪ್ರಖ್ಯಾತ ಪತ್ರಕರ್ತನಾದ ವಾಲ್ಟರ್ ವಿಂಚೆಲ್ 1897ರಲ್ಲಿ ನ್ಯೂಯಾರ್ಕಿನ ಬಡ ಯೆಹೂದಿ ಕುಟುಂಬವೊಂದರಲ್ಲಿ ಜನಿಸಿದನು. ಆರನೆಯ ತರಗತಿಗೇ ಶಾಲೆ ಬಿಟ್ಟ ಆತನಿಗೆ ಹೊಟ್ಟೆಪಾಡಿನ ದಾರಿಯಾದುದು ವಿನೋದ ರಂಗಭೂಮಿಯ ಹಾಡು-ಕುಣಿತ. ನೇಪಥ್ಯದ ಸುದ್ದಿಗಳನ್ನು ಬರೆದು ಸಹನಟರಿಗಾಗಿ ಗೋಡೆಗೆ ಅಂಟಿಸುತ್ತಿದ್ದ ಹವ್ಯಾಸವೇ ಆತನನ್ನು ಪತ್ರಿಕಾರಂಗಕ್ಕೆ ಕರೆತಂದಿತು. 1929ರಲ್ಲಿ 'ಡೈಲಿ ಮಿರರ್' ಸೇರಿದನು. ಕುಣಿತದ ಚುರುಕು ಆತನ ವಾಕ್ಯಗಳಿಗೂ ಬಂದಿತು. ಆತನ ಅಂಕಣವನ್ನೂ ರೇಡಿಯೋ ವಾರ್ತೆಯನ್ನೂ ಕೋಟಿಗಟ್ಟಲೆ ಜನ ಕಾಯುತ್ತಿದ್ದರು. 1950ರ ದಶಕದಲ್ಲಿ ಟೆಲಿವಿಷನ್ನಿನಲ್ಲಿಯೂ ಕಾರ್ಯಕ್ರಮಗಳನ್ನು ನಡೆಸಿದನು.

ಹಿಟ್ಲರನನ್ನು ಮೊದಮೊದಲೇ ಖಂಡಿಸಿದ ಧೀರರಲ್ಲಿ ಈತನೂ ಒಬ್ಬ. ಆದರೆ ಅಧಿಕಾರದ ಅಮಲು ಯಾರನ್ನು ಬಿಟ್ಟೀತು? 1951ರಲ್ಲಿ ಕಪ್ಪು ಜನಾಂಗದ ನರ್ತಕಿ ಜೋಸೆಫೀನ್ ಬೇಕರ್, ಸ್ಟಾರ್ಕ್ ಕ್ಲಬ್ಬಿನಲ್ಲಿ ತನಗೆ ವರ್ಣಭೇದದ ಅಪಮಾನವಾಯಿತೆಂದೂ ಅಲ್ಲಿದ್ದ ವಿಂಚೆಲ್ ನೆರವಿಗೆ ಬರಲಿಲ್ಲವೆಂದೂ ದೂರಿದಳು. ಒಮ್ಮೆ ತಾನೂ ಕುಣಿದು ಉಂಡವನೆಂಬುದನ್ನು ಮರೆತು, ಆತನು ಆಕೆಗೆ ಕಮ್ಯೂನಿಸ್ಟಳೆಂಬ ಕಳಂಕ ಹಚ್ಚಿದನು. ಸೆನೆಟರ್ ಮೆಕಾರ್ತಿಯ ಬೆನ್ನಿಗೂ ನಿಂತನು. ಜನರ ವಿಶ್ವಾಸ ಕರಗಿತು. 1963ರಲ್ಲಿ 'ಮಿರರ್' ಮುಚ್ಚಿತು. 1972ರಲ್ಲಿ ಆತನು ತೀರಿಕೊಂಡಾಗ ಅಂತ್ಯಕ್ರಿಯೆಗೆ ಬಂದವಳು ಮಗಳೊಬ್ಬಳೇ.

ಆರನೆಯ ತರಗತಿ ಓದಿದವನ ಮಾತಿಗೇ ಇಷ್ಟು ಬಲವಿತ್ತು. ಪದವಿ ಪಡೆದು ಹೊರಡಲಿರುವ ನಾವು, ನಮ್ಮ ಮಾತಿನಿಂದ ಯಾರಿಗೆ ಪೆಟ್ಟು ಬೀಳುವುದೆಂದು ಒಂದು ಕ್ಷಣ ಯೋಚಿಸುವುದು ಲೇಸು.