ಮಾತಿನ ನೆಲೆ ಹುಡುಕಿದ ಪಾಲ್ ಬ್ರೋಕಾ

ಪಾಲ್ ಬ್ರೋಕಾ ಹುಟ್ಟಿದ್ದು 1824ರಲ್ಲಿ, ಫ್ರಾನ್ಸಿನ ಬೋರ್ಡೋ ಕಡೆಯ ಒಂದು ಸಣ್ಣ ಊರಿನಲ್ಲಿ. ಪ್ಯಾರಿಸ್ಸಿನಲ್ಲಿ ಓದಿ ಶಸ್ತ್ರವೈದ್ಯರಾದರು. ಮೆದುಳಿನ ಪಾಠ ಮಾಡುವಾಗಲೆಲ್ಲ ನಾನು ಇವರ ಕಥೆ ಹೇಳದೆ ಬಿಟ್ಟವನಲ್ಲ.

1861ರ ಏಪ್ರಿಲ್‌ನಲ್ಲಿ ಬಿಸೇತ್ರ ಆಸ್ಪತ್ರೆಯಲ್ಲಿ ಲೆಬೋರ್ನ್ ಎಂಬ ರೋಗಿ ಕಾಲು ಕೊಳೆತು ಇವರ ಬಳಿಗೆ ಬಂದ. 21 ವರ್ಷಗಳಿಂದ ಏನು ಕೇಳಿದರೂ ಅವನ ಬಾಯಲ್ಲಿ ತಾನ್ ಎಂಬ ಒಂದೇ ಸದ್ದು. ಸಿಟ್ಟು ಬಂದರೆ ಮಾತ್ರ ಒಂದು ಬೈಗುಳ! ಆದರೆ ಇತರರು ಹೇಳಿದ್ದು ಬಹುಮಟ್ಟಿಗೆ ತಿಳಿಯುತ್ತಿತ್ತು. ಕೆಲವೇ ದಿನಗಳಲ್ಲಿ ಅವನು ತೀರಿಕೊಂಡಾಗ ಬ್ರೋಕಾ ಮೆದುಳನ್ನು ಪರೀಕ್ಷಿಸಿದರು. ಎಡಗಡೆ, ಹಣೆಯ ಹಿಂದಿನ ಭಾಗ ಹಾಳಾಗಿತ್ತು. ಇಂಥ ಇನ್ನೂ ಹಲವರನ್ನು ನೋಡಿದ ಮೇಲೆಯೇ, 1865ರಲ್ಲಿ, ಮಾತಾಡುವ ಶಕ್ತಿ ಸಾಮಾನ್ಯವಾಗಿ ಎಡಮೆದುಳಿನದೆಂದು ಬರೆದರು.

ತಲೆಬುರುಡೆ ಅಳೆದು ಜನಾಂಗಗಳ, ಹೆಂಗಸರ ಬುದ್ಧಿ ತೂಗಲು ಹೊರಟದ್ದು ಅವರ ದೊಡ್ಡ ತಪ್ಪು. ಅದನ್ನೂ ಮಕ್ಕಳಿಗೆ ಹೇಳುತ್ತಿದ್ದೆ.

ಲಕ್ವ ಹೊಡೆದು ನಮ್ಮ ತಂದೆಯವರ ಮಾತು ನಿಂತಾಗ, ನೋಡಲು ಬಂದವರು ಬುದ್ಧಿಯೇ ಹೋಯಿತೆಂದು ಅವರೆದುರೇ ಆಸ್ತಿಯ ವಿಚಾರ ಎತ್ತುತ್ತಿದ್ದರು. ಅಪ್ಪನ ಕಣ್ಣು ತುಂಬುತ್ತಿತ್ತು. ಬ್ರೋಕಾ ಬಗ್ಗೆ ಓದಿದ್ದ ನಾನು ದಿನವೂ ಅವರ ಪಕ್ಕ ಕೂತು ಶಾಲೆಯ ಸುದ್ದಿ ಹೇಳುತ್ತಿದ್ದೆ.

ಬ್ರೋಕಾ 1880ರಲ್ಲಿ ತೀರಿಕೊಂಡರು. ಲೆಬೋರ್ನನ ಮೆದುಳನ್ನು ಅವರು ಸೀಳದೆ ಕಾಪಾಡಿಟ್ಟಿದ್ದರು. ನಮ್ಮ ಕಾಲದ ವಿಜ್ಞಾನಿಗಳು ಅದನ್ನು ಸ್ಕ್ಯಾನ್ ಮಾಡಿ ನೋಡಿದಾಗ, ಗಾಯ ಮೇಲೆ ಕಂಡದ್ದಕ್ಕಿಂತ ಬಹಳ ಆಳಕ್ಕೆ ಇಳಿದಿತ್ತು.