ಫೆಲಿಕ್ಸ್ ಬೆಕ್ಕಿನ ಜನಕ ಆಟೊ ಮೆಸ್ಮರ್

ಇಳಕಲ್ಲ ಸೀರೆಯನ್ನು ಕಂಡವರು ಅದರ ಸೆರಗನ್ನು ಹೊಗಳುತ್ತಾರೆ. ಕೊಂಡ ಅಂಗಡಿಯ ಹೆಸರನ್ನೂ ಹೇಳುತ್ತಾರೆ. ಆದರೆ ಅದನ್ನು ನೇಯ್ದ ಕೈ ಯಾರದೆಂದು ಕೇಳುವವರು ವಿರಳ. ಕಲೆಯ ಲೋಕದಲ್ಲಿಯೂ ಇಂಥ ಅನ್ಯಾಯವುಂಟು. ಫೆಲಿಕ್ಸ್ ಎಂಬ ಕರಿಯ ಬೆಕ್ಕನ್ನು ಬೆಳ್ಳಿತೆರೆಯ ಮೇಲೆ ಕುಣಿಸಿದ ಅಮೇರಿಕೆಯ ಆಟೊ ಮೆಸ್ಮರನ ಜೀವನವೇ ಇದಕ್ಕೆ ನಿದರ್ಶನ.

ಮೆಸ್ಮರನು 1892ನೆಯ ಇಸವಿ ಆಗಸ್ಟ್ 16ರಂದು ನ್ಯೂಜೆರ್ಸಿಯ ವೆಸ್ಟ್ ಹೊಬೋಕನ್ ಎಂಬ ಊರಿನಲ್ಲಿ ಜನಿಸಿದನು. ವಿನ್ಸರ್ ಮೆಕೇ ಎಂಬ ಕಲಾವಿದನ ಚಲಿಸುವ ಚಿತ್ರಗಳು ತರುಣ ಮೆಸ್ಮರನ ಮನಸ್ಸನ್ನು ಸೆರೆಹಿಡಿದವು. ಮುಂದೆ ಅವನು ನ್ಯೂಯಾರ್ಕಿನಲ್ಲಿ ಪ್ಯಾಟ್ ಸಲಿವನ್ ಎಂಬ ಆಸ್ಟ್ರೇಲಿಯಾದವನ ಚಿತ್ರಶಾಲೆಯನ್ನು ಸೇರಿದನು. ಅಲ್ಲಿ ಚಾರ್ಲಿ ಚಾಪ್ಲಿನ್ನನ ವ್ಯಂಗ್ಯಚಿತ್ರಗಳನ್ನು ಬರೆಯುತ್ತ ಆ ಮಹಾನಟನ ನಡೆ, ನೋಟ, ನಿಲುವುಗಳನ್ನು ಚೆನ್ನಾಗಿ ಅಭ್ಯಾಸ ಮಾಡಿದನು. ಮೊದಲನೆಯ ಮಹಾಯುದ್ಧದಲ್ಲಿ ಸೈನಿಕನಾಗಿ ಸೇವೆ ಸಲ್ಲಿಸಿ ಮರಳಿ ಅಲ್ಲಿಗೇ ಬಂದನು.

1919ರ ನವೆಂಬರಿನಲ್ಲಿ ‘ಫೀಲೈನ್ ಫಾಲೀಸ್’ ಎಂಬ ಪುಟ್ಟ ಚಿತ್ರ ಬಿಡುಗಡೆಯಾಯಿತು. ನಲ್ಲೆಯ ಮೋಹದಲ್ಲಿ ಮನೆಯ ಕಾವಲನ್ನು ಮರೆತ ಬೆಕ್ಕೊಂದು, ಇಲಿಗಳು ಮನೆಯನ್ನು ಸೂರೆಗೊಂಡಾಗ ಹೊರದೂಡಲ್ಪಟ್ಟ ಕಥೆಯದು. ಅದರ ನಾಯಕ ಮಾಸ್ಟರ್ ಟಾಮನಿಗೆ ಮರುತಿಂಗಳಿನ ಚಿತ್ರದಲ್ಲಿ ಫೆಲಿಕ್ಸ್ ಎಂಬ ಹೆಸರು ಬಂದಿತು. ಲ್ಯಾಟಿನ್ ಭಾಷೆಯಲ್ಲಿ ಅದರ ಅರ್ಥ ಭಾಗ್ಯವಂತ.

ಅಂಥ ಚಿತ್ರದ ಶ್ರಮವನ್ನು ನಾವು ಊಹಿಸಬೇಕು. ಸೆಕೆಂಡಿಗೆ 16 ಚೌಕಟ್ಟುಗಳಂತೆ ಲೆಕ್ಕ ಹಾಕಿದರೂ ಐದು ನಿಮಿಷದ ಆಟಕ್ಕೆ 4,800 ಚೌಕಟ್ಟುಗಳು ಬೇಕು. ಮೈಯೆಲ್ಲ ಕಪ್ಪಾಗಿದ್ದರೆ ಗೆರೆಗಳ ಗೊಡವೆ ಕಡಿಮೆ. ಅದಕ್ಕೆಂದೇ ಫೆಲಿಕ್ಸ್ ಕರಿಯ ಬೆಕ್ಕಾದನು. ಕೈಗಳನ್ನು ಬೆನ್ನಿಗೆ ಕಟ್ಟಿ, ತಲೆ ತಗ್ಗಿಸಿ, ಅತ್ತಿತ್ತ ಅಡ್ಡಾಡುತ್ತ ಯೋಚಿಸುವ ಆ ಬೆಕ್ಕು ಮಾತಿಲ್ಲದೆಯೇ ಜಗತ್ತನ್ನು ನಗಿಸಿತು. ಬೇಕಾದಾಗ ಅದರ ಬಾಲವೇ ಆಯುಧವಾಗುತ್ತಿತ್ತು.

ಆದರೆ ತೆರೆಯ ಮೇಲೆ ಮೆರೆದದ್ದು ಸಲಿವನ್ನನ ಹೆಸರು. ಹಕ್ಕೂ ಅವನದೇ, ಲಾಭವೂ ಅವನದೇ. ಮೆಸ್ಮರನು ಸಂಬಳದ ಕೆಲಸಗಾರನಾಗಿಯೇ ಉಳಿದನು. 1928ರಲ್ಲಿ ಡಿಸ್ನಿಯ ಮಿಕ್ಕಿ ಇಲಿಯು ಧ್ವನಿಯೊಡನೆ ಬಂದಾಗ ಮೂಕ ಬೆಕ್ಕಿನ ಕಳೆ ಕುಂದಿತು. ಸಲಿವನ್ನನು 1933ರಲ್ಲಿ ತೀರಿಕೊಂಡನು. ತಾನು ಬೆಳೆಸಿದ ಬೆಕ್ಕಿನ ಮೇಲೆ ಮೆಸ್ಮರನಿಗೆ ಯಾವ ಒಡೆತನವೂ ಇರಲಿಲ್ಲ. ಆದರೂ ಅವನು 1954ರವರೆಗೆ ವೃತ್ತಪತ್ರಿಕೆಗಳಿಗೆ ಫೆಲಿಕ್ಸನ ಚಿತ್ರಮಾಲೆಯನ್ನು ಬರೆದನು. ನ್ಯೂಯಾರ್ಕಿನ ಟೈಮ್ಸ್ ಚೌಕದ ವಿದ್ಯುದ್ದೀಪದ ಜಾಹೀರಾತುಗಳಿಗೂ ಚಲಿಸುವ ಚಿತ್ರಗಳನ್ನು ರಚಿಸಿದನು.

ಬಹುಕಾಲದ ನಂತರವೇ ಲೋಕ ಅವನನ್ನು ಗುರುತಿಸಿತು. ಚರಿತ್ರಕಾರ ಜಾನ್ ಕೇನ್‌ಮೇಕರ್ 1977ರಲ್ಲಿ ಅವನ ಕುರಿತು ಸಾಕ್ಷ್ಯಚಿತ್ರವನ್ನೇ ತೆಗೆದನು. ಬೆಕ್ಕಿನ ಕರ್ತೃ ಸಲಿವನ್ನನೇ ಎಂದು ವಾದಿಸುವವರು ಆಸ್ಟ್ರೇಲಿಯಾದಲ್ಲಿ ಇಂದಿಗೂ ಇದ್ದಾರೆ. ಆದರೆ ಹೆಚ್ಚಿನ ಚರಿತ್ರಕಾರರ ಒಲವು ಮೆಸ್ಮರನ ಕಡೆಗಿದೆ. 1983ರ ಅಕ್ಟೋಬರ್ 28ರಂದು, 91ನೆಯ ವಯಸ್ಸಿನಲ್ಲಿ, ಅವನು ಇಹಲೋಕವನ್ನು ತ್ಯಜಿಸಿದನು.

ಹೆಸರಿಗಾಗಿ ಹಂಬಲಿಸದಿರುವುದು ಕಲಾವಿದನ ದೊಡ್ಡತನವಿರಬಹುದು. ಆದರೆ ಆ ದೊಡ್ಡತನವನ್ನೇ ನೆವ ಮಾಡಿಕೊಂಡು ಅವನ ಹೆಸರನ್ನು ಅಳಿಸುವ ಅಧಿಕಾರ ಯಾರಿಗೂ ಇಲ್ಲ. ದುಡಿದವನಿಗೆ ಕೂಲಿ ಸಲ್ಲಬೇಕು, ಕೂಲಿಯೊಡನೆ ಹೆಸರೂ ಸಲ್ಲಬೇಕು. ಅದೂ ಅವನ ಕಣ್ಣು ಕಾಣುವಾಗಲೇ ಸಲ್ಲಬೇಕು.